ಇಬ್ಬರು ಮೌಲ್ಯಮಾಪಕರ ನಡುವೆ 14 ಅಂಕ ವ್ಯತ್ಯಾಸ, 3 ಅಂಕದಲ್ಲಿ ಫೇಲ್: ಹೈಕೋರ್ಟಿಗೆ ಹೋಗಬಹುದಾ?

ಪದ್ಮನಾಭನಗರದಮ್ಮ:
ಎಲ್ಲರಿಗೂ ನಮಸ್ಕಾರ. ಮಗಳು ಎಂಬಿಬಿಎಸ್ ಎರಡನೇ ಹಂತದಲ್ಲಿದ್ದಾಳೆ. ಪೆಥಾಲಜಿ, ಮೈಕ್ರೋಬಯಾಲಜಿ ಎರಡೂ ಪಾಸ್. ಫಾರ್ಮಕಾಲಜಿ (ಔಷಧಶಾಸ್ತ್ರ) ಥಿಯರಿಯಲ್ಲಿ, ಎರಡು ಪೇಪರ್ ಸೇರಿ, 200ಕ್ಕೆ 97 ಬಂದಿದೆ. ಬೇಕಿದ್ದದ್ದು 100.

ಅಂಕಗಳ ವಿವರ ನೋಡಿ. ಮೊದಲ ಪೇಪರ್‌ಗೆ ಒಬ್ಬರು 58 ಕೊಟ್ಟಿದ್ದಾರೆ, ಇನ್ನೊಬ್ಬರು 44. ಸರಾಸರಿ 51. ಎರಡನೇ ಪೇಪರ್‌ಗೆ ಇಬ್ಬರೂ 46. ವ್ಯತ್ಯಾಸ ಶೇ. 15 ಅಥವಾ ಅದಕ್ಕಿಂತ ಜಾಸ್ತಿ ಇದ್ದರೆ ಮೂರನೆಯವರ ಹತ್ತಿರ ಹೋಗುತ್ತದೆ ಅನ್ನುವುದು ಅವರ ನಿಯಮ. ಇವಳದು 14! ಒಂದೇ ಒಂದು ಅಂಕ. ಕೇಳಿದರೆ, ಎರಡು ಸಲ ಮೌಲ್ಯಮಾಪನ ಆಗಿಬಿಟ್ಟಿದೆ, ಮರು ಮೌಲ್ಯಮಾಪನ ಇಲ್ಲ, ಬೇಕಿದ್ದರೆ ಮರು ಎಣಿಕೆಗೆ ಹಾಕಿ ಅಂತಾರೆ.

ಒಂದೇ ಉತ್ತರ ಒಬ್ಬರಿಗೆ 58ರ ಹಾಗೆ, ಇನ್ನೊಬ್ಬರಿಗೆ 44ರ ಹಾಗೆ ಕಂಡರೆ ಅದನ್ನು ಯಾರೂ ಪ್ರಶ್ನಿಸುವ ಹಾಗಿಲ್ಲವಾ? ಕೋರ್ಟಿಗೆ ಹೋದವರು ಯಾರಾದರೂ ಇದ್ದರೆ ಹೇಳಿ. ವಿಶ್ವವಿದ್ಯಾಲಯದ ಹೆಸರು ಕೇಳಬೇಡಿ, ಮಗಳು ಇನ್ನೂ ಅಲ್ಲೇ ಓದಬೇಕು.

ಬಸವನಗುಡಿ_ಬಾಯ್:
ಅಯ್ಯೋ, 14 ಅಂತೆ. ಹೊಟ್ಟೆ ಉರಿಯುತ್ತದೆ ಮೇಡಂ.

ಸ್ಟೆತ್_ಸೀನ:
ನಮ್ಮ ಬ್ಯಾಚ್‌ನಲ್ಲಿ ಇಂಥವರು ಬೇಕಾದಷ್ಟು ಜನ ಇದ್ದರು. ಸಪ್ಲಿಮೆಂಟರಿ ಬರೆದು ಮುಂದೆ ಹೋದರು. ಕೋರ್ಟು ಗೀರ್ಟು ಅಂತ ಓಡಾಡಿದರೆ ಆ ಪರೀಕ್ಷೆಗೂ ಓದಲು ಆಗುವುದಿಲ್ಲ. ಮೊದಲು ಫೀಸು ಕಟ್ಟಿ, ಪುಸ್ತಕ ತೆಗೆಯಲು ಹೇಳಿ.

ಗಿರಿನಗರ_ಗಣೇಶ:
ಇದು ಸುಲಭ. ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಿ. ಉತ್ತರ ಪತ್ರಿಕೆ ಕೊಡಲೇಬೇಕು, ಮರು ಮೌಲ್ಯಮಾಪನವನ್ನೂ ಮಾಡಲೇಬೇಕು ಅಂತ 2011ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ಕರಿಕೋಟು:
ಗಣೇಶ ಅವರೇ, ಅರ್ಧ ಸರಿ, ಅರ್ಧ ತಪ್ಪು. ಅದು ಸಿಬಿಎಸ್‌ಇ ವಿರುದ್ಧ ಆದಿತ್ಯ ಬಂದೋಪಾಧ್ಯಾಯ ಪ್ರಕರಣ, ಆಗಸ್ಟ್ 2011. ತಿದ್ದಿದ ಉತ್ತರ ಪತ್ರಿಕೆಯೂ ಮಾಹಿತಿಯೇ, ಬರೆದವರಿಗೆ ಅದನ್ನು ನೋಡುವ ಹಕ್ಕಿದೆ ಅಂತ ಕೋರ್ಟ್ ಹೇಳಿತು. ಆದರೆ ಆರ್‌ಟಿಐ ಮೂಲಕ ಮರು ಮೌಲ್ಯಮಾಪನ ಕೇಳುವ ಹಾಗಿಲ್ಲ ಅನ್ನುವುದನ್ನೂ ಅದೇ ತೀರ್ಪು ಸ್ಪಷ್ಟವಾಗಿ ಹೇಳಿದೆ. ಮೌಲ್ಯಮಾಪಕರ ಹೆಸರೂ ಸಿಗುವುದಿಲ್ಲ. ಕೇರಳ ಲೋಕಸೇವಾ ಆಯೋಗದ ಪ್ರಕರಣದಲ್ಲಿ, 2016ರಲ್ಲಿ, ಅದೂ ತೀರ್ಮಾನವಾಗಿದೆ.

ಅಮ್ಮಾ, ನಾನು ವಕೀಲ, ಹೈಕೋರ್ಟಿನಲ್ಲಿ ಶಿಕ್ಷಣದ ರಿಟ್‌ಗಳನ್ನು (ಹೈಕೋರ್ಟಿಗೆ ನೇರವಾಗಿ ಹಾಕುವ ಅರ್ಜಿಗಳನ್ನು) ನಡೆಸುತ್ತೇನೆ. ಇದ್ದದ್ದನ್ನು ಇದ್ದ ಹಾಗೆ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. "ಈ ಉತ್ತರಕ್ಕೆ ಇನ್ನೂ ಜಾಸ್ತಿ ಅಂಕ ಬರಬೇಕಿತ್ತು" ಅನ್ನುವ ಅರ್ಜಿ ನಿಲ್ಲುವುದಿಲ್ಲ. 1984ರ ಮಹಾರಾಷ್ಟ್ರ ಬೋರ್ಡ್ ಪ್ರಕರಣದಿಂದ ಇವತ್ತಿನವರೆಗೂ ಕೋರ್ಟುಗಳ ನಿಲುವು ಹೆಚ್ಚುಕಡಿಮೆ ಒಂದೇ. ಅಂಕ ಕೊಡುವುದು ಆ ವಿಷಯ ಗೊತ್ತಿರುವವರ ಕೆಲಸ, ನ್ಯಾಯಾಧೀಶರು ಮೇಷ್ಟರ ಕುರ್ಚಿಯಲ್ಲಿ ಕೂರುವುದಿಲ್ಲ. ಡಿಸೆಂಬರ್ 2017ರ ರಣ್ ವಿಜಯ್ ಸಿಂಗ್ ತೀರ್ಪಿನಲ್ಲಿ ಇದನ್ನೆಲ್ಲ ಒಟ್ಟು ಮಾಡಿ ಹೇಳಿದ್ದಾರೆ. ನಿಯಮದಲ್ಲಿ ಮರು ಮೌಲ್ಯಮಾಪನಕ್ಕೆ ಅವಕಾಶ ಇದ್ದರೆ ಪರೀಕ್ಷೆ ನಡೆಸುವವರು ಅದನ್ನು ಕೊಡಬಹುದು. ಇಲ್ಲದಿದ್ದರೆ, ಎಳೆದಾಡಿ ವಾದ ಮಾಡದೆ ನೋಡಿದ ಕೂಡಲೇ ಕಾಣುವಂಥ ತಪ್ಪು ಇದ್ದರೆ ಮಾತ್ರ, ಅದೂ ಅಪರೂಪಕ್ಕೆ, ಕೋರ್ಟ್ ಕೈ ಹಾಕಬಹುದು. ಅನುಮಾನ ಬಂದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೆ.

ಮೆಡಿಕಲ್ ವಿಷಯವೇ ಬೇಕು ಅಂದರೆ 2022ರ ನವೆಂಬರ್‌ದು ನೋಡಿ. ಆಂಧ್ರದ ಎನ್‌ಟಿಆರ್ ಆರೋಗ್ಯ ವಿಶ್ವವಿದ್ಯಾಲಯದ ಪಿಜಿ ವಿದ್ಯಾರ್ಥಿಗಳು ಡಿಜಿಟಲ್ ಮೌಲ್ಯಮಾಪನವನ್ನು ಪ್ರಶ್ನಿಸಿದ್ದರು. ಅಲ್ಲಿನ ಹೈಕೋರ್ಟ್ ಉತ್ತರ ಪತ್ರಿಕೆ ತರಿಸಿಕೊಂಡು ಮತ್ತೆ ಮೌಲ್ಯಮಾಪನ ಮಾಡಿಸಿ ಅಂದಿತು. ಸುಪ್ರೀಂ ಕೋರ್ಟ್ ಆ ಆದೇಶವನ್ನು ರದ್ದು ಮಾಡಿತು. ನಿಯಮದಲ್ಲಿ ಇಲ್ಲದ್ದನ್ನು ಕೋರ್ಟ್ ಕೊಡಲು ಆಗುವುದಿಲ್ಲ ಅಂತ.

ಹಳೇ_ಮೇಷ್ಟ್ರು:
ನಾನು ಫಾರ್ಮಕಾಲಜಿ ಕಲಿಸಿ ನಿವೃತ್ತನಾದವನು. ಬೆಂಗಳೂರು ಮೆಡಿಕಲ್ ಕಾಲೇಜು ಬೆಂಗಳೂರು ವಿಶ್ವವಿದ್ಯಾಲಯದ ಕೆಳಗಿದ್ದ ಕಾಲವನ್ನೂ ನೋಡಿದ್ದೇನೆ, 1996ರಲ್ಲಿ ರಾಜೀವ್ ಗಾಂಧಿ ವಿಶ್ವವಿದ್ಯಾಲಯ ಬಂದಮೇಲಿನದನ್ನೂ ನೋಡಿದ್ದೇನೆ. ಮೊದಲು ಕಾಗದದ ಬಂಡಲ್, ಕೆಂಪು ಪೆನ್ನು. ಆಮೇಲೆ ಕಂಪ್ಯೂಟರ್ ಮುಂದೆ ಕೂತು ಸ್ಕ್ಯಾನ್ ಮಾಡಿದ ಹಾಳೆ ಓದುವುದು.

14 ಅಂಕ ಹೇಗೆ ಬರುತ್ತದೆ ಅಂತ ಕೇಳಿದಿರಿ. ಬರುತ್ತದೆ ತಾಯಿ. ಹತ್ತು ಅಂಕದ ಪ್ರಶ್ನೆ ಹೀಗಿದೆ ಅಂದುಕೊಳ್ಳಿ: "ರಕ್ತದೊತ್ತಡದ ಔಷಧಿಗಳನ್ನು ವರ್ಗೀಕರಿಸಿ, ಎಸಿಇ ಇನ್ಹಿಬಿಟರ್‌ಗಳು ಹೇಗೆ ಕೆಲಸ ಮಾಡುತ್ತವೆ, ಎಲ್ಲಿ ಬಳಸುತ್ತೇವೆ, ಅಡ್ಡ ಪರಿಣಾಮ ಏನು ಬರೆಯಿರಿ." ಹುಡುಗಿ ವರ್ಗೀಕರಣ ಚೆನ್ನಾಗಿ ಬರೆದು, ಒಣಕೆಮ್ಮು ಬರುತ್ತದೆ ಅನ್ನುವುದನ್ನು ಬಿಟ್ಟಿದ್ದಾಳೆ. ಒಬ್ಬರು 7 ಹಾಕುತ್ತಾರೆ. ಇನ್ನೊಬ್ಬರು "ಇದನ್ನೇ ಬಿಟ್ಟವಳು ನಾಳೆ ರೋಗಿಗೆ ಏನು ಹೇಳುತ್ತಾಳೆ" ಅಂತ 4 ಹಾಕುತ್ತಾರೆ. ಇಬ್ಬರದೂ ದ್ವೇಷವಲ್ಲ. ಹೀಗೆ ನಾಲ್ಕೈದು ಪ್ರಶ್ನೆ ಸೇರಿದರೆ 14 ಆಯಿತು. ಉತ್ತರದಲ್ಲಿ ಏನೇನಕ್ಕೆ ಎಷ್ಟೆಷ್ಟು ಅಂಕ ಅಂತ ಬಿಡಿಸಿ ಬರೆದ ಸ್ಕೀಮ್ ಕೊಟ್ಟರೆ ವ್ಯತ್ಯಾಸ ಇಳಿಯುತ್ತದೆ. ನಾನು ಕಂಡ ಸ್ಕೀಮ್‌ಗಳಲ್ಲಿ ಕೆಲವು ಬರೀ ಪುಸ್ತಕದ ಪುಟದ ಸಂಖ್ಯೆ ಆಗಿದ್ದವು!

ರಾತ್ರಿಪಾಳಿ:
ಮೇಷ್ಟ್ರೇ, ಒಣಕೆಮ್ಮು ಬಿಟ್ಟರೆ ನಾನೂ 4ನೇ ಹಾಕುತ್ತಿದ್ದೆ 😀

ಬಸವನಗುಡಿ_ಬಾಯ್:
ಹಾಗಾದರೆ ಪುಸ್ತಕದಲ್ಲಿ ಇರುವುದನ್ನೇ ಬರೆದರೂ ತಪ್ಪು ಅಂದರೆ? ಆಗಲೂ ಕೋರ್ಟ್ ಸುಮ್ನೆ ಇರಬೇಕಾ?

ಕರಿಕೋಟು:
ಇಲ್ಲ. ಅಲ್ಲಿ ಕೋರ್ಟ್ ಕೈ ಹಾಕಿದೆ. 1983ರ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣ, ಉತ್ತರ ಪ್ರದೇಶದ ಮೆಡಿಕಲ್ ಪ್ರವೇಶ ಪರೀಕ್ಷೆ. ನಾಲ್ಕು ಆಯ್ಕೆಯ ಪ್ರಶ್ನೆ, ಕೀ ಉತ್ತರವೇ ತಪ್ಪಾಗಿತ್ತು. ಕೀ ಸರಿ ಇದೆ ಅಂತಲೇ ಹೊರಡಬೇಕು, ಆದರೆ ಪಠ್ಯಪುಸ್ತಕಗಳೇ ಅದು ತಪ್ಪು ಅಂತ ತೋರಿಸಿದರೆ ವಿದ್ಯಾರ್ಥಿಯನ್ನು ಶಿಕ್ಷಿಸುವ ಹಾಗಿಲ್ಲ ಅಂದರು. ಪ್ರಬಂಧದ ಥರ ಬರೆಯುವ ಉತ್ತರಕ್ಕೆ ಆ ವಾದ ಅಷ್ಟು ಸಲೀಸಾಗಿ ಕೂರುವುದಿಲ್ಲ. 4 ಸರಿಯೋ 7 ಸರಿಯೋ ಅನ್ನುವುದಕ್ಕೆ ಯಾವ ಪುಸ್ತಕ ತೋರಿಸುತ್ತೀರಿ?

ಲಾ_ಕಾಲೇಜು_ಲಕ್ಷ್ಮಿ:
ಕರಿಕೋಟು ಸಾರ್ ಒಂದು ಕಡೆಯದನ್ನು ಮಾತ್ರ ಹೇಳುತ್ತಿದ್ದಾರೆ. 2008ರ ಸಾಹಿತಿ ಪ್ರಕರಣ ಮರೆತಿರಾ? ಅದೂ ಎನ್‌ಟಿಆರ್ ವಿಶ್ವವಿದ್ಯಾಲಯದ್ದೇ. ಅಲ್ಲಿ ಕುಲಪತಿಗಳೇ ಮರು ಮೌಲ್ಯಮಾಪನಕ್ಕೆ ಆದೇಶ ಮಾಡಿದ್ದರು. ನಿಯಮದಲ್ಲಿ ಹಾಗಂತ ಬರೆದಿಲ್ಲವಲ್ಲ ಅನ್ನುವ ಆಕ್ಷೇಪ ಬಂದಾಗ, ಬರೆದಿಲ್ಲ ಅನ್ನುವ ಒಂದೇ ಕಾರಣಕ್ಕೆ ಅದು ಕಾನೂನುಬಾಹಿರ ಆಗುವುದಿಲ್ಲ ಅಂತ ಸುಪ್ರೀಂ ಕೋರ್ಟ್ ಹೇಳಿತು. ಅಂದರೆ ವಿಶ್ವವಿದ್ಯಾಲಯಕ್ಕೆ ಮನಸ್ಸಿದ್ದರೆ ದಾರಿ ಇದೆ. "ನಮ್ಮ ಕೈಯಲ್ಲಿ ಏನೂ ಇಲ್ಲ" ಅಂತ ಕೌಂಟರ್‌ನಲ್ಲಿ ಹೇಳುವುದು ಪೂರ್ತಿ ನಿಜವಲ್ಲ.

ಕರಿಕೋಟು:
ಮರೆತಿಲ್ಲಮ್ಮ. ಆದರೆ ಆ ಎರಡನ್ನೂ ಪಕ್ಕಪಕ್ಕ ಇಟ್ಟು ಓದು. ವಿಶ್ವವಿದ್ಯಾಲಯ ತಾನಾಗಿ ಮಾಡಿದರೆ ಕೋರ್ಟ್ ಅಡ್ಡ ಬರುವುದಿಲ್ಲ. ಮಾಡಲಿಲ್ಲ ಅಂದರೆ, ಮಾಡು ಅಂತ ಕೋರ್ಟ್ ಹೇಳುವುದಿಲ್ಲ. ಎರಡೂ ಕಡೆ ಗೆಲ್ಲುವುದು ವಿಶ್ವವಿದ್ಯಾಲಯದ ವಿವೇಚನೆಯೇ.

ಲಾ_ಕಾಲೇಜು_ಲಕ್ಷ್ಮಿ:
ಅದೇ ತಾನೇ ನನ್ನ ಸಿಟ್ಟು! ವಿವೇಚನೆ ಅನ್ನುವುದು ಯಾವಾಗಲೂ ಒಂದೇ ಕಡೆ ವಾಲಬೇಕಾ?

ಗಿರಿನಗರ_ಗಣೇಶ:
ವಕೀಲರು ಹೀಗೆ "ಕಷ್ಟ ಕಷ್ಟ" ಅಂತ ಹೆದರಿಸಿ ಆಮೇಲೆ ದೊಡ್ಡ ಫೀಸು ಕೇಳುತ್ತಾರೆ.

ಕರಿಕೋಟು:
ಕೇಸು ಹಾಕಬೇಡಿ ಅಂತ ಹೇಳಿ ಫೀಸು ಗಿಟ್ಟಿಸುವ ವಿದ್ಯೆ ನಿಮಗೆ ಗೊತ್ತಿದ್ದರೆ ನಮಗೂ ಹೇಳಿಕೊಡಿ ಸ್ವಾಮಿ.

ಡಲ್ಲಾಸ್_ದೊಡ್ಡಪ್ಪ:
ಇಲ್ಲಿ ಅಮೆರಿಕದಲ್ಲೂ ಕಥೆ ಬೇರೆ ಅಲ್ಲ. 1978ರ ಹೊರೊವಿಟ್ಜ್ ಪ್ರಕರಣ ಅಂತ ಇದೆ. ಮಿಸೌರಿಯ ಮೆಡಿಕಲ್ ವಿದ್ಯಾರ್ಥಿನಿ, ಓದಿನಲ್ಲಿ ಜೋರು, ಆದರೆ ಕ್ಲಿನಿಕಲ್ ಕೆಲಸ ಸರಿಯಿಲ್ಲ ಅಂತ ತೆಗೆದುಹಾಕಿದರು. ತೆಗೆಯುವ ಮೊದಲು ಹೊರಗಿನ ಏಳು ಜನ ಡಾಕ್ಟರುಗಳ ಹತ್ತಿರ ಪರೀಕ್ಷೆ ಮಾಡಿಸಿದ್ದರು. ಇಬ್ಬರು ಡಿಗ್ರಿ ಕೊಡಿ ಅಂದರು, ಇಬ್ಬರು ಈಗಲೇ ಕಳಿಸಿ ಅಂದರು, ಮೂವರು ಇನ್ನೊಂದಷ್ಟು ದಿನ ನೋಡೋಣ ಅಂದರು. ನಿಮ್ಮ 58, 44 ಏನೂ ಅಲ್ಲ ನೋಡಿ! ಅಲ್ಲಿನ ಸುಪ್ರೀಂ ಕೋರ್ಟ್ ವಿಶ್ವವಿದ್ಯಾಲಯದ ಪರವಾಗಿಯೇ ನಿಂತಿತು.

1985ರಲ್ಲಿ ಮಿಚಿಗನ್‌ನ ಯೂಯಿಂಗ್ ಅನ್ನುವ ಹುಡುಗನದ್ದು ಇನ್ನೂ ಬಿಗಿ. ಫೇಲಾದ ಬೇರೆಯವರಿಗೆ ಮತ್ತೆ ಪರೀಕ್ಷೆ ಬರೆಯಲು ಬಿಟ್ಟಿದ್ದರು, ಇವನಿಗೆ ಬಿಡಲಿಲ್ಲ. ಆದರೂ ಎಲ್ಲ ನ್ಯಾಯಾಧೀಶರೂ ಒಮ್ಮತದಿಂದ ವಿಶ್ವವಿದ್ಯಾಲಯಕ್ಕೇ ಕೊಟ್ಟರು.

ಬಸವನಗುಡಿ_ಬಾಯ್:
ದೊಡ್ಡಪ್ಪ, ಅಮೆರಿಕದ ಕೇಸು ನಮ್ಮ ಹೈಕೋರ್ಟಿನ ಅಟ್ಟಾರ ಕಚೇರಿಯಲ್ಲಿ ಓದಿದರೆ ಏನು ಸಿಗುತ್ತದೆ?

ಡಲ್ಲಾಸ್_ದೊಡ್ಡಪ್ಪ:
ಏನೂ ಸಿಗುವುದಿಲ್ಲ ಮಗಾ. ಎಲ್ಲಾ ಕಡೆ ಹೀಗೇ ಅಂತ ಸ್ವಲ್ಪ ಸಮಾಧಾನ ಅಷ್ಟೇ.

ಮಲ್ಲೇಶ್ವರಂ_ಮಾಲಾ:
ಕೃಪಾಂಕ ಕೊಡುತ್ತಿದ್ದರಲ್ಲ? ನಮ್ಮಣ್ಣನಿಗೆ ಕೊಟ್ಟಿದ್ದರು. ಒಂದೇ ವಿಷಯ, 3 ಅಂಕ ಅಂದರೆ ಆರಾಮಾಗಿ ಪಾಸ್ ಆಗುತ್ತಿತ್ತು.

ಹಳೇ_ಮೇಷ್ಟ್ರು:
ಮಾಲಾ ಅವರೇ, ಅದು 1997ರ ಎಂಸಿಐ (ಭಾರತೀಯ ವೈದ್ಯಕೀಯ ಮಂಡಳಿ) ನಿಯಮ. ಬೇರೆಲ್ಲ ಪಾಸಾಗಿ ಒಂದೇ ವಿಷಯದಲ್ಲಿ ಫೇಲಾದವರಿಗೆ ವಿಶ್ವವಿದ್ಯಾಲಯ ತನ್ನ ವಿವೇಚನೆಯಿಂದ 5 ಅಂಕದವರೆಗೆ ಕೊಡಬಹುದು ಅಂತ ಇತ್ತು. ಆಮೇಲೆ 2019ರಲ್ಲಿ ಹೊಸ ಪಠ್ಯಕ್ರಮ ಬಂತು, ಆ ಮಂಡಳಿ ಹೋಗಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಬಂತು, 2023ರಲ್ಲಿ ನಿಯಮ ಮತ್ತೆ ಬದಲಾಯಿತು. ಆ ವರ್ಷವಂತೂ ಎರಡು ಪೇಪರ್ ಇರುವ ವಿಷಯಕ್ಕೆ ಪಾಸಿನ ಗೆರೆಯನ್ನು ಶೇ. 50ರಿಂದ 40ಕ್ಕೆ ಇಳಿಸಿದರು, ಸ್ವಲ್ಪ ದಿನದಲ್ಲೇ ವಾಪಸ್ ತೆಗೆದುಕೊಂಡರು! ಹಾಗಾಗಿ ಅಣ್ಣನ ಕಾಲದ್ದು ಬೇಡ, ಈ ಹುಡುಗಿಯ ಬ್ಯಾಚ್‌ಗೆ ಯಾವ ನಿಯಮ ಅನ್ವಯ ಅಂತ ನೋಡಿ.

ಕರಿಕೋಟು:
ಕೃಪಾಂಕದ ನಿಯಮ ಇದ್ದರೂ "ಕೊಡಬಹುದು" ಅಂತ ಇದ್ದರೆ ಅದು ಹಕ್ಕಲ್ಲ. ಆದರೆ ಅದೇ ಪರೀಕ್ಷೆಯಲ್ಲಿ, ಇದೇ ಸ್ಥಿತಿಯಲ್ಲಿದ್ದ ಒಬ್ಬರಿಗೆ ಕೊಟ್ಟು ಇನ್ನೊಬ್ಬರಿಗೆ ಕೊಡದಿದ್ದರೆ ಆಗ ಸಮಾನತೆಯ ಪ್ರಶ್ನೆ ಬರುತ್ತದೆ. ಅಲ್ಲಿ ಕೋರ್ಟ್ ಕಿವಿಗೊಡುತ್ತದೆ.

ಅಮ್ಮಾ, ಒಂದು ಪ್ರಶ್ನೆ. ಆ ಶೇ. 15 ಯಾವುದರ ಮೇಲೆ ಅಂತ ನಿಯಮದಲ್ಲಿ ಬರೆದಿದೆ? ಗರಿಷ್ಠ ಅಂಕದ ಮೇಲಾ, ಬಂದ ಅಂಕದ ಮೇಲಾ? 58ರ ಮೇಲೆ ಲೆಕ್ಕ ಹಾಕಿದರೆ 14 ಅಂದರೆ ಶೇ. 24 ಆಗುತ್ತದೆ. ಮಾತಿನಲ್ಲಿ ಹೇಳಿದ್ದು ಬೇಡ, ಆರ್ಡಿನೆನ್ಸ್ (ವಿಶ್ವವಿದ್ಯಾಲಯದ ನಿಯಮದ ಪುಸ್ತಕ) ತೆರೆದು ಆ ಸಾಲು ಓದಿ. ಇನ್ನೊಂದು, ರಾಜ್ಯ ವಿಶ್ವವಿದ್ಯಾಲಯವೋ ಡೀಮ್ಡೋ (ವಿಶ್ವವಿದ್ಯಾಲಯದ ಸ್ಥಾನ ಪಡೆದ ಸಂಸ್ಥೆ)? ಡೀಮ್ಡ್ ಆದರೂ ರಿಟ್ ಹಾಕಬಹುದು, ಎಸ್‌ಆರ್‌ಎಂ ವಿಶ್ವವಿದ್ಯಾಲಯದ ಪ್ರಕರಣದಲ್ಲಿ 2015ರಲ್ಲೇ ತೀರ್ಮಾನ ಆಗಿದೆ. ಆದರೆ ನಿಯಮದ ಪುಸ್ತಕ ಬೇರೆ ಇರುತ್ತದೆ.

ಪದ್ಮನಾಭನಗರದಮ್ಮ:
ಓದಿದೆ ಸಾರ್. "ಗರಿಷ್ಠ ಅಂಕಗಳ ಶೇ. 15" ಅಂತಲೇ ಇದೆ. ಯಾವ ವಿಶ್ವವಿದ್ಯಾಲಯ ಅನ್ನುವುದು ಬೇಡ ಬಿಡಿ.

ಕರಿಕೋಟು:
ಹಾಗಾದರೆ ಆ ಬಾಗಿಲು ಮುಚ್ಚಿತು. 14 ಅಂದರೆ 14. ಎಲ್ಲಿ ಗೆರೆ ಎಳೆದರೂ ಗೆರೆಯ ಪಕ್ಕದಲ್ಲಿ ಒಬ್ಬರು ಇದ್ದೇ ಇರುತ್ತಾರೆ, ಅದಕ್ಕಾಗಿ ಗೆರೆಯೇ ತಪ್ಪು ಅಂತ ಕೋರ್ಟ್ ಹೇಳುವುದಿಲ್ಲ. ಈಗ ಉತ್ತರ ಪತ್ರಿಕೆಯ ಪ್ರತಿ ತರಿಸಿ, ಪ್ರಶ್ನೆವಾರು ಅಂಕದ ಹಾಳೆಯ ಜೊತೆ. ಅಂಕ ಕಡಿಮೆ ಆಯಿತಾ ಅಂತ ನೋಡಬೇಡಿ. ನಿಯಮ ಎಲ್ಲಿ ತಪ್ಪಿದ್ದಾರೆ ಅಂತ ಹುಡುಕಿ. ತಿದ್ದದೇ ಬಿಟ್ಟ ಪುಟ, ಕೂಡುವಾಗ ಬಿಟ್ಟ ಅಂಕ, ಬೇರೆಯವರ ಹಾಳೆ ಸೇರಿರುವುದು. ಇಂಥದ್ದೇನಾದರೂ.

ಗಿರಿನಗರ_ಗಣೇಶ:
ಆರ್‌ಟಿಐನಲ್ಲೇ ಕೇಳಿ ಮೇಡಂ. ಅರ್ಜಿಗೆ 10 ರೂಪಾಯಿ, ಪುಟಕ್ಕೆ 2. ವಿಶ್ವವಿದ್ಯಾಲಯದ ದಾರಿಯಲ್ಲಿ ಹೋದರೆ ಅವರ ಫೀಸು ಕಟ್ಟಬೇಕು. ಕಂಪನಿ ಸೆಕ್ರೆಟರಿ ಸಂಸ್ಥೆಯ ಪ್ರಕರಣದಲ್ಲಿ, 2019ರಲ್ಲಿ, ಎರಡು ದಾರಿಯಲ್ಲಿ ಯಾವುದು ಬೇಕೋ ಅದನ್ನು ಆರಿಸಿಕೊಳ್ಳಬಹುದು ಅಂತ ಸುಪ್ರೀಂ ಕೋರ್ಟ್ ಹೇಳಿದೆ. ಇದು ಪೂರ್ತಿ ಸರಿ ಇದೆ, ಕರಿಕೋಟು ಅವರು ಬೇಕಿದ್ದರೆ ನೋಡಲಿ.

ಕರಿಕೋಟು:
ಸರಿ ಇದೆ 👍 ಆದರೆ ಆರ್‌ಟಿಐಗೆ 30 ದಿನ. ಮರು ಎಣಿಕೆಯ ಕೊನೇ ದಿನ ಅಷ್ಟರಲ್ಲಿ ಮುಗಿದು ಹೋಗಬಹುದು. ಇಲ್ಲಿ ದುಡ್ಡು ಉಳಿಸಲು ಹೋಗಬೇಡಿ, ಎರಡನ್ನೂ ಹಾಕಿ.

ರಾತ್ರಿಪಾಳಿ:
ಥಿಯರಿಗಾದರೂ ಹಾಳೆ ಇದೆ. ಪ್ರಾಕ್ಟಿಕಲ್, ವೈವಾ (ಮೌಖಿಕ ಪರೀಕ್ಷೆ) ಕಥೆ ಏನು? ಒಳಗಿನವರು, ಹೊರಗಿನವರು ಅಂತ ಎಕ್ಸಾಮಿನರ್‌ಗಳು ಕೂತಿರುತ್ತಾರೆ. ನಾನು ಏನು ಹೇಳಿದೆ, ಅವರು ಏನು ಕೇಳಿದರು, ಒಂದಕ್ಕೂ ದಾಖಲೆ ಇಲ್ಲ. ನನ್ನ ಮೆಡಿಸಿನ್ ವೈವಾದಲ್ಲಿ ಒಬ್ಬರು ಮೊಬೈಲ್ ನೋಡುತ್ತಾ "ಹೂಂ, ಮುಂದೆ" ಅಂತಲೇ ಮುಗಿಸಿದರು. ಪಾಸ್ ಆದೆ ಅನ್ನಿ. ಫೇಲ್ ಆಗಿದ್ದರೆ ಏನನ್ನು ತೋರಿಸಿ ಕೇಳುತ್ತಿದ್ದೆ?

ಲಾ_ಕಾಲೇಜು_ಲಕ್ಷ್ಮಿ:
1981ರಲ್ಲೇ ಅಜಯ್ ಹಾಸಿಯಾ ತೀರ್ಪಿನಲ್ಲಿ, ಶ್ರೀನಗರದ ಇಂಜಿನಿಯರಿಂಗ್ ಕಾಲೇಜಿನ ಪ್ರವೇಶದ ಸಂದರ್ಶನದ ಬಗ್ಗೆ, ಟೇಪ್ ರೆಕಾರ್ಡ್ ಮಾಡಿದರೆ ಒಳ್ಳೆಯದು ಅಂತ ಸುಪ್ರೀಂ ಕೋರ್ಟ್ ಹೇಳಿತ್ತು. ಟೇಪೇ ಹೋಯಿತು, ಕ್ಯಾಸೆಟ್ಟೂ ಹೋಯಿತು. ಎಲ್ಲರ ಜೇಬಲ್ಲೂ ಫೋನ್ ಇದೆ. ವೈವಾ ಮಾತ್ರ ಹಾಗೇ ಇದೆ.

ಸ್ಟೆತ್_ಸೀನ:
ರೆಕಾರ್ಡ್ ಮಾಡಿದರೆ ಎಕ್ಸಾಮಿನರ್ ಇನ್ನೂ ಬಿಗಿ ಆಗುತ್ತಾರೆ ಅಕ್ಕ. ಈಗ ನಡುಗುವ ಹುಡುಗರಿಗೆ ಸುಳಿವು ಕೊಟ್ಟು ಉತ್ತರ ಹೊರಡಿಸುತ್ತಾರಲ್ಲ, ಅದು ನಿಂತು ಹೋಗುತ್ತದೆ. ವಿವೇಚನೆ ಅಂದರೆ ಫೇಲ್ ಮಾಡುವುದು ಮಾತ್ರ ಅಲ್ಲ, ಪಾಸ್ ಮಾಡುವುದೂ ಅದರಿಂದಲೇ.

ಹಳೇ_ಮೇಷ್ಟ್ರು:
ಸೀನ ಹೇಳಿದ್ದು ನಿಜ. ನಾನೇ ಎಷ್ಟೋ ಜನರನ್ನು ಹಾಗೆ ದಡ ಹತ್ತಿಸಿದ್ದೇನೆ. ಆದರೂ ರಾತ್ರಿಪಾಳಿಯವರ ಮೊಬೈಲ್ ಎಕ್ಸಾಮಿನರ್‌ಗೆ ಕ್ಯಾಮೆರಾ ಇದ್ದರೇ ಒಳ್ಳೆಯದು.

ಮಲ್ಲೇಶ್ವರಂ_ಮಾಲಾ:
ಕೋರ್ಟಿನಿಂದ ಮಧ್ಯಂತರ ಆದೇಶ ತಂದು ಮುಂದಿನ ಹಂತದ ಕ್ಲಾಸಿಗೆ ಕೂರಬಹುದಲ್ಲವಾ? ಕೇಸು ಆಮೇಲೆ ನಿಧಾನಕ್ಕೆ ನಡೆಯಲಿ.

ಕರಿಕೋಟು:
ದಯವಿಟ್ಟು ಅದನ್ನು ನೆಚ್ಚಿಕೊಳ್ಳಬೇಡಿ. 1993ರಲ್ಲಿ ಗುರು ನಾನಕ್ ದೇವ್ ವಿಶ್ವವಿದ್ಯಾಲಯದ ಪ್ರಕರಣದಲ್ಲಿ, ಪರೀಕ್ಷೆ ಪಾಸಾಗದ ಎಂಬಿಬಿಎಸ್ ವಿದ್ಯಾರ್ಥಿಗಳನ್ನು ಮಧ್ಯಂತರ ಆದೇಶದ ಮೇಲೆ ಇಂಟರ್ನ್‌ಶಿಪ್‌ಗೆ ಬಿಟ್ಟಿದ್ದನ್ನು ಸುಪ್ರೀಂ ಕೋರ್ಟ್ ಗಟ್ಟಿಯಾಗಿಯೇ ಟೀಕಿಸಿತು. ಮರುಕವನ್ನು ನ್ಯಾಯ ಅಂತ ಕರೆಯಬೇಡಿ ಅನ್ನುವ ಧಾಟಿ. ಒಂದು ವರ್ಷ ಕ್ಲಾಸಿಗೆ ಕೂತು, ಕೊನೆಗೆ ಅರ್ಜಿ ವಜಾ ಆದರೆ ಆ ವರ್ಷವೂ ಹೋಯಿತು, ಫೀಸೂ ಹೋಯಿತು. ಏಕಸದಸ್ಯ ಪೀಠದಲ್ಲಿ ಗೆದ್ದರೂ ಅವರು ವಿಭಾಗೀಯ ಪೀಠಕ್ಕೆ ಮೇಲ್ಮನವಿ ಹಾಕುತ್ತಾರೆ.

ಪದ್ಮನಾಭನಗರದಮ್ಮ:
ಎಲ್ಲರಿಗೂ ಥ್ಯಾಂಕ್ಸ್. ವಿಶ್ವವಿದ್ಯಾಲಯದಿಂದಲೇ ಪ್ರತಿ ಬಂತು. ನಾನು, ಮಗಳು ಕೂತು ಒಂದೊಂದೇ ಪ್ರಶ್ನೆ ನೋಡಿದೆವು. ಮೊದಲ ಪೇಪರ್‌ನಲ್ಲಿ ಒಂದು ಹತ್ತು ಅಂಕದ ಪ್ರಶ್ನೆಯನ್ನು ಅವಳು ಕೊನೆಯಲ್ಲಿ, ಸಣ್ಣ ಪ್ರಶ್ನೆಗಳೆಲ್ಲ ಮುಗಿದ ಮೇಲೆ ಬರೆದಿದ್ದಾಳೆ. ಪ್ರಶ್ನೆಯ ಸಂಖ್ಯೆ ಸರಿಯಾಗಿ ಹಾಕಿದ್ದಾಳೆ. ಮೊದಲನೆಯವರು ಅದಕ್ಕೆ 6 ಕೊಟ್ಟಿದ್ದಾರೆ. ಎರಡನೆಯವರ ಅಂಕದ ಹಾಳೆಯಲ್ಲಿ ಅದರ ಎದುರು ಸೊನ್ನೆ ಇಲ್ಲ, "ಉತ್ತರಿಸಿಲ್ಲ" ಅಂತ ಇದೆ. ಎರಡು ಪುಟ ಬರೆದಿದ್ದಾಳೆ ಸಾರ್!

ಬಸವನಗುಡಿ_ಬಾಯ್:
ಅಬ್ಬಾ!!

ಲಾ_ಕಾಲೇಜು_ಲಕ್ಷ್ಮಿ:
ಲೆಕ್ಕ ಹಾಕಿ ನೋಡಿ. ಎರಡನೆಯವರೂ 6 ಕೊಟ್ಟರೆ 44 ಹೋಗಿ 50. ಸರಾಸರಿ 54. 54ಕ್ಕೆ 46 ಸೇರಿದರೆ 100!

ಸ್ಟೆತ್_ಸೀನ:
5 ಕೊಟ್ಟರೆ 99 ಮತ್ತು ಚಿಲ್ಲರೆ. ಆಗ ಮತ್ತೆ ಇಲ್ಲಿಗೇ ಬರಬೇಕು. ಅರ್ಧ ಅಂಕವನ್ನು ಮೇಲಕ್ಕೆ ಸೇರಿಸುತ್ತಾರಾ ಇಲ್ಲವಾ ಅದನ್ನೂ ಆರ್ಡಿನೆನ್ಸ್‌ನಲ್ಲಿ ನೋಡಿ ಇಟ್ಟುಕೊಳ್ಳಿ.

ಕರಿಕೋಟು:
ಅಮ್ಮಾ, ಈಗ ನಿಮ್ಮ ಹತ್ತಿರ ವಿಷಯ ಇದೆ. ಇದು ಮರು ಮೌಲ್ಯಮಾಪನವೇ ಅಲ್ಲ. ಮೌಲ್ಯಮಾಪನವೇ ಆಗದ ಉತ್ತರ. ಇಬ್ಬರು ತಿದ್ದಬೇಕು ಅಂತ ಅವರದೇ ನಿಯಮ, ಈ ಉತ್ತರವನ್ನು ಒಬ್ಬರೇ ತಿದ್ದಿದ್ದಾರೆ. ಅಂಕ ಎಷ್ಟು ಬರಬೇಕು ಅಂತ ನೀವು ಕೇಳುತ್ತಿಲ್ಲ. ನಿಮ್ಮ ನಿಯಮವನ್ನು ನೀವೇ ಪೂರ್ತಿ ಮಾಡಿ ಅನ್ನುತ್ತಿದ್ದೀರಿ. 2017ರ ತೀರ್ಪು ಹೇಳಿದ, ನೋಡಿದ ಕೂಡಲೇ ಕಾಣುವ ತಪ್ಪು ಅಂದರೆ ಇಂಥದ್ದು.

ಇವತ್ತೇ ಕುಲಸಚಿವರಿಗೆ (ಮೌಲ್ಯಮಾಪನ) ಲಿಖಿತ ಮನವಿ ಕೊಡಿ. 58, 44ರ ಬಗ್ಗೆ ಒಂದು ಮಾತೂ ಬೇಡ. ಮಗಳು ಎಷ್ಟು ಬುದ್ಧಿವಂತೆ ಅನ್ನುವುದೂ ಬೇಡ. ಪುಟದ ಸಂಖ್ಯೆ, ಪ್ರಶ್ನೆಯ ಸಂಖ್ಯೆ, ಎರಡು ಅಂಕದ ಹಾಳೆ ಅಷ್ಟೇ. ಟಪಾಲು ವಿಭಾಗದಲ್ಲಿ ಸೀಲು ಹಾಕಿಸಿದ ಪ್ರತಿ ಇಟ್ಟುಕೊಳ್ಳಿ. ಉತ್ತರ ಬರದಿದ್ದರೆ ಮನವಿ ತೀರ್ಮಾನಿಸಿ ಅಂತ ಒಂದು ಸಣ್ಣ ರಿಟ್ ಸಾಕು. ಅದಕ್ಕೆ ದೊಡ್ಡ ವಕೀಲರೂ ಬೇಡ.

ಹಳೇ_ಮೇಷ್ಟ್ರು:
ಕಂಪ್ಯೂಟರ್‌ನಲ್ಲಿ ಇದು ಆಗುತ್ತದೆ. ಪ್ರಶ್ನೆಗಳ ಕ್ರಮದಲ್ಲಿ ಪುಟ ತಿರುಗಿಸುತ್ತಾ ಹೋಗುತ್ತೇವೆ, ಆ ಜಾಗದಲ್ಲಿ ಉತ್ತರ ಕಾಣದಿದ್ದರೆ "ಉತ್ತರಿಸಿಲ್ಲ" ಒತ್ತಿ ಮುಂದೆ ಹೋಗುತ್ತೇವೆ. ಕೊನೆಯ ಪುಟದವರೆಗೂ ನೋಡಬೇಕಾದದ್ದು ಅವರ ಕೆಲಸ. ಆದರೆ ಮಕ್ಕಳೂ ಕ್ರಮವಾಗಿ ಬರೆಯುವುದು ಕ್ಷೇಮ.

ಪದ್ಮನಾಭನಗರದಮ್ಮ:
ಮನವಿ ಕೊಟ್ಟು ಬಂದೆ ಸಾರ್. ಸೀಲೂ ಹಾಕಿಸಿದೆ. ಅಲ್ಲಿದ್ದವರು "ನೋಡೋಣ" ಅಂದರು. ಸಪ್ಲಿಮೆಂಟರಿ ಫೀಸನ್ನೂ ಕಟ್ಟಿದ್ದೇವೆ. ಮಗಳು ಓದುತ್ತಾ ಇದ್ದಾಳೆ, ಬೈಯುತ್ತಾ ಓದುತ್ತಾ ಇದ್ದಾಳೆ.

ಗಿರಿನಗರ_ಗಣೇಶ:
ಹೈಕೋರ್ಟಿಗೆ ಹೋಗುವ ಹಾಗಾದರೆ ಕಾರ್ ತೆಗೆದುಕೊಂಡು ಹೋಗಬೇಡಿ ಮೇಡಂ, ಪಾರ್ಕಿಂಗ್ ಸಿಗುವುದಿಲ್ಲ. ವಿಧಾನಸೌಧ ಮೆಟ್ರೋದಲ್ಲಿ ಇಳಿದರೆ ಪಕ್ಕದಲ್ಲೇ.

ಹಲ್ಲುಡಾಕ್ಟರ್_ಆಗ್ತೀನಿ:
ಬಿಡಿಎಸ್‌ಗೂ ಇದೇ 15ರ ನಿಯಮಾನಾ? ನನಗೆ 61, 43 ಬಂದಿದೆ, ಮೂರನೆಯವರಿಗೆ ಹೋಗಿಲ್ಲ.

ಕರಿಕೋಟು:
18 ವ್ಯತ್ಯಾಸ ಬಂದೂ ಹೋಗಿಲ್ಲವಾ? ನಿಮ್ಮ ಆರ್ಡಿನೆನ್ಸ್‌ನ ಆ ಪುಟದ ಫೋಟೋ ಹಾಕಪ್ಪ, ನೋಡೋಣ.